ಕೇಳಿದ ಮೇಲೆ ತೀರ್ಮಾನ: ಆಡಳಿತಾಧಿಕಾರಕ್ಕೊಂದು ಮಿತಿ

ಒಬ್ಬನ ಹಕ್ಕಿಗೋ ಜೀವನೋಪಾಯಕ್ಕೋ ಚ್ಯುತಿ ತರುವ ಮೊದಲು ಅವನ ಮಾತನ್ನು ಕೇಳಬೇಕೆಂಬುದು ನ್ಯಾಯಾಲಯಗಳಲ್ಲಿ ಸರ್ವಸಮ್ಮತವಾದ ನಿಯಮ. ಆದರೆ ಆಧುನಿಕ ರಾಜ್ಯದಲ್ಲಿ ಪ್ರಜೆಯ ಬಾಳನ್ನು ಬಹುಮಟ್ಟಿಗೆ ನಿರ್ಧರಿಸುವವನು ನ್ಯಾಯಾಧೀಶನಲ್ಲ, ಅಧಿಕಾರಿ. ಪರವಾನಗಿಯ ರದ್ದತಿ, ನೌಕರನ ನಿವೃತ್ತಿ, ಮನೆಯ ನೆಲಸಮ ಇವೆಲ್ಲವೂ ಕಚೇರಿಯ ಕಡತದಲ್ಲಿಯೇ ಇತ್ಯರ್ಥವಾಗುತ್ತವೆ. ಆ ಕಡತಕ್ಕೂ ಈ ನಿಯಮವು ಅನ್ವಯಿಸುವುದೇ ಎಂಬುದು ವಿಚಾರಾರ್ಹವಾದ ಪ್ರಶ್ನೆ.

ಲಂಡನ್ನಿನ ವಾಂಡ್ಸ್‌ವರ್ತ್ ಮಂಡಳಿಯು, ಮುನ್ಸೂಚನೆ ಕೊಡದೆ ಕಟ್ಟಲಾಯಿತೆಂಬ ಕಾರಣದಿಂದ, ಕೂಪರ್ ಎಂಬವನ ಮನೆಯನ್ನು ಕೆಡವಿಸಿತು. ಕೆಡವುವ ಅಧಿಕಾರವನ್ನು ಶಾಸನವೇ ಕೊಟ್ಟಿತ್ತು. ಮಾಲೀಕನನ್ನು ಕೇಳಬೇಕೆಂದು ಅದು ಹೇಳಿರಲಿಲ್ಲ. ಆದರೂ ಶಾಸನವು ಮೌನವಾಗಿರುವೆಡೆ ನ್ಯಾಯವು ಆ ಕೊರತೆಯನ್ನು ತುಂಬುವುದೆಂದು 1863ರಲ್ಲಿ ನ್ಯಾಯಾಲಯವು ಕೂಪರನ ಪರವಾಗಿ ತೀರ್ಪಿತ್ತಿತು.

ಮುಂದೆ ಈ ತತ್ತ್ವಕ್ಕೆ ಒಂದು ಅಡ್ಡಗೋಡೆ ಬಂದಿತು. ಅರೆನ್ಯಾಯಿಕ ಕಾರ್ಯಕ್ಕೆ ಮಾತ್ರ ಈ ಬಂಧನ, ಶುದ್ಧ ಆಡಳಿತಕಾರ್ಯಕ್ಕಿಲ್ಲವೆಂಬ ವಾದವದು. ಭಾರತದಲ್ಲಿ ಈ ಗೋಡೆ ಕುಸಿದುದು ಎರಡು ಹಂತಗಳಲ್ಲಿ. ಒರಿಸ್ಸಾ ಸರ್ಕಾರವು ಬೀಣಾಪಾಣಿ ದೇಯಿ ಎಂಬ ವೈದ್ಯೆಯ ಜನ್ಮವರ್ಷವನ್ನು 1910ರಿಂದ 1907ಕ್ಕೆ ಬದಲಿಸಿ ಆಕೆಯನ್ನು ನಿವೃತ್ತಿಗೊಳಿಸಿತ್ತು. ವಿಚಾರಣೆಯ ವರದಿಯನ್ನು ಮಾತ್ರ ಆಕೆಗೆ ತೋರಿಸಿರಲಿಲ್ಲ. ಆಡಳಿತಾತ್ಮಕ ಆಜ್ಞೆಯಾದರೂ ವ್ಯಕ್ತಿಯ ಹಕ್ಕುಗಳನ್ನು ಬಾಧಿಸುವುದಾದರೆ ಅದು ಸಹಜನ್ಯಾಯಕ್ಕೆ ಅನುಗುಣವಾಗಿರಬೇಕೆಂದು 1967ರಲ್ಲಿ ಸರ್ವೋಚ್ಚ ನ್ಯಾಯಾಲಯವು ಸಾರಿತು. 1969ರ ಕ್ರೈಪಾಕ್ ಪ್ರಕರಣದಲ್ಲಿ, ಕಾರ್ಕಳದ ಕಡೆಯವರಾದ ನ್ಯಾಯಮೂರ್ತಿ ಕೆ. ಎಸ್. ಹೆಗ್ಡೆಯವರು ಇನ್ನೂ ಮುಂದೆ ಹೋದರು. ಅರಣ್ಯಾಧಿಕಾರಿಗಳನ್ನು ಆರಿಸುವ ಮಂಡಳಿಯಲ್ಲಿ ಸ್ವತಃ ಅಭ್ಯರ್ಥಿಯಾದವರೊಬ್ಬರು ಸದಸ್ಯರಾಗಿದ್ದ ಪ್ರಕರಣವದು. ಅನ್ಯಾಯವನ್ನು ತಡೆಯುವುದೇ ಸಹಜನ್ಯಾಯದ ಗುರಿಯಾಗಿರುವಾಗ ಆಡಳಿತದ ವಿಚಾರಣೆಗಳನ್ನು ಅದರಿಂದ ಹೊರಗಿಡಲು ಕಾರಣವಿಲ್ಲವೆಂಬುದು ಅವರ ತರ್ಕ.

ಈ ತತ್ತ್ವದ ನಿಜವಾದ ಪರೀಕ್ಷೆ ನಡೆದುದು ಮುಂಬಯಿಯ ಪಾದಚಾರಿ ಹಾದಿಗಳಲ್ಲಿ. 1981ರ ಮಳೆಗಾಲದಲ್ಲಿ ಅಲ್ಲಿನ ಗುಡಿಸಲುಗಳನ್ನು ತೆರವುಗೊಳಿಸುವ ನಿರ್ಧಾರ ಪ್ರಕಟವಾಯಿತು. 1888ರ ನಗರಪಾಲಿಕೆಯ ಅಧಿನಿಯಮದ 314ನೆಯ ಕಲಮು ನೋಟೀಸು ಕೊಡದೆಯೇ ತೆರವುಗೊಳಿಸಲು ಅವಕಾಶವಿತ್ತಿತ್ತು. ಹಾದಿಯ ಮೇಲೆ ಹಕ್ಕೇ ಇಲ್ಲದವರನ್ನು ಕೇಳಿ ಪ್ರಯೋಜನವೇನೆಂದು ಪಾಲಿಕೆ ವಾದಿಸಿತು. ಓಲ್ಗಾ ಟೆಲ್ಲಿಸ್ ಪ್ರಕರಣವೆಂದು ಹೆಸರಾದ 1985ರ ತೀರ್ಪಿನಲ್ಲಿ ಮುಖ್ಯ ನ್ಯಾಯಮೂರ್ತಿ ವೈ. ವಿ. ಚಂದ್ರಚೂಡರು ಈ ವಾದವನ್ನು ತಳ್ಳಿಹಾಕಿದರು. ಆ ಕಲಮು ವಿವೇಚನೆಯನ್ನು ಕೊಡುತ್ತದೆ, ನೋಟೀಸು ಕೊಡಬೇಡವೆಂದು ವಿಧಿಸುವುದಿಲ್ಲ. ಆದುದರಿಂದ ನೋಟೀಸು ಕೊಡುವುದೇ ಸಾಮಾನ್ಯ ಕ್ರಮ, ಕೊಡದಿರುವುದು ಅಪವಾದ ಎಂಬುದು ಅವರ ವ್ಯಾಖ್ಯಾನ.

ಆದರೂ ಅದೇ ತೀರ್ಪು, ತನ್ನೆದುರು ನಡೆದ ವಾದವೇ ಸಾಕೆಂದು ಭಾವಿಸಿ, ನಿವಾಸಿಗಳನ್ನು ಪಾಲಿಕೆಯು ಮತ್ತೆ ಕೇಳಬೇಕೆಂದು ಆಜ್ಞಾಪಿಸಲಿಲ್ಲ; ತೆರವನ್ನು 1985ರ ಅಕ್ಟೋಬರ್ 31ರವರೆಗೆ ಮುಂದೂಡಿತಷ್ಟೆ. ಪುಸ್ತಕದಲ್ಲಿ ಗೆದ್ದ ತತ್ತ್ವವು ಗುಡಿಸಲಿನ ಬಾಗಿಲನ್ನು ಪೂರ್ತಿಯಾಗಿ ಮುಟ್ಟಲಿಲ್ಲವೆಂಬುದನ್ನು ಮರೆಯಲಾಗದು.

ಕೇಳುವುದೆಂದರೆ ಹೆಸರಿಗೆ ಒಂದು ಕಾಗದ ಕಳುಹಿಸುವುದಲ್ಲ. ಆಪಾದನೆಯ ಸ್ಪಷ್ಟ ತಿಳಿವಳಿಕೆ, ಅದಕ್ಕೆ ಆಧಾರವಾದ ದಾಖಲೆ, ಉತ್ತರಕ್ಕೆ ಸಾಕಷ್ಟು ಕಾಲ, ಆ ಉತ್ತರದ ಪ್ರಾಮಾಣಿಕ ಪರಿಶೀಲನೆ ಇವು ನಾಲ್ಕೂ ಅದರ ಅಂಗಗಳು. ಸಾಂಕ್ರಾಮಿಕ ರೋಗದಂಥ ತುರ್ತಿನಲ್ಲಿ ಮೊದಲು ಕ್ರಮ ಕೈಗೊಂಡು ಅನಂತರ ಕೇಳಬೇಕಾದೀತು. ಆದರೆ ‘ಕೇಳಿದರೂ ಫಲವಿಲ್ಲ’ ಎಂಬುದು ತುರ್ತಲ್ಲ. ಕೇಳದಿರುವವನೇ ಅದನ್ನು ಮೊದಲೇ ನಿರ್ಣಯಿಸಿಬಿಟ್ಟಿರುತ್ತಾನೆ. ಕೆಡವಿದ ಮನೆಯ ಮುಂದೆ ನಿಂತು ಕೇಳುವ ಅಹವಾಲು ಪರಿಹಾರವನ್ನು ಕೊಡಿಸೀತು, ಮನೆಯನ್ನು ಉಳಿಸಲಾರದು.