ಡಿಕ್ಕಿ ಹೊಡೆಯದ ಡಿಫೆಂಡರ್

ಉತ್ತರ ಅಮೆರಿಕದ ಐಸ್ ಹಾಕಿ ಲೀಗ್‌ನ ಕಿರೀಟವಾದ ಸ್ಟ್ಯಾನ್ಲಿ ಕಪ್‌ನ 1997ರ ಫೈನಲ್‌ಗೆ ಮುನ್ನ ಎಲ್ಲರಿಗೂ ಒಂದೇ ಚಿಂತೆ. ಫಿಲಡೆಲ್ಫಿಯಾ ಫ್ಲೈಯರ್ಸ್ ತಂಡದ ಎರಿಕ್ ಲಿಂಡ್ರಾಸ್‌ನನ್ನು ಡೆಟ್ರಾಯಿಟ್ ರೆಡ್ ವಿಂಗ್ಸ್ ತಡೆಯುವುದು ಹೇಗೆ? ಆರಡಿ ನಾಲ್ಕಿಂಚು ಎತ್ತರ, ನೂರು ಕಿಲೋ ಮೀರಿದ ಮೈಕಟ್ಟು. ಅಕ್ಕಪಕ್ಕದಲ್ಲಿ ಆಡುತ್ತಿದ್ದ ಇಬ್ಬರೂ ಅಂಥ ದಾಂಡಿಗರೇ. ಬಲಕ್ಕೆ ಬಲವನ್ನೇ ಒಡ್ಡಬೇಕು, ರೆಡ್ ವಿಂಗ್ಸ್‌ನಲ್ಲಿ ಗುದ್ದಾಟಕ್ಕೆ ಹೆಸರಾದ ವ್ಲಾದಿಮಿರ್ ಕಾನ್‌ಸ್ಟಾಂಟಿನೋವ್ ಇದ್ದಾನಲ್ಲ ಎಂಬುದು ಹೊರಗಿನವರ ಲೆಕ್ಕ. ಕೋಚ್ ಸ್ಕಾಟಿ ಬೌಮನ್ ಲೆಕ್ಕವೇ ಬೇರೆ. ಅವರು ಲ್ಯಾರಿ ಮರ್ಫಿ ಮತ್ತು ನಿಕ್ಲಾಸ್ ಲಿಡ್‌ಸ್ಟ್ರೋಮ್ ಎಂಬ ಮೆತ್ತನೆಯ ಜೋಡಿಯನ್ನು ಎದುರಿಗೆ ಬಿಟ್ಟರು. ನಾಲ್ಕಕ್ಕೆ ನಾಲ್ಕೂ ಪಂದ್ಯ ಡೆಟ್ರಾಯಿಟ್ ಪಾಲಾದವು. 42 ವರ್ಷಗಳ ಬಳಿಕ ಕಪ್ ಆ ಊರಿಗೆ ಮರಳಿತು.

ಐಸ್ ಹಾಕಿ ನೋಡದವರಿಗೆ ಇದರ ವಿಶೇಷ ತಿಳಿಯಬೇಕಾದರೆ ಆಟ ಸ್ವಲ್ಪ ಗೊತ್ತಿರಬೇಕು. 200 ಅಡಿ ಉದ್ದ, 85 ಅಡಿ ಅಗಲದ ಮಂಜುಗಡ್ಡೆಯ ಅಂಕಣ, ಸುತ್ತ ಹಲಗೆಯ ಗೋಡೆ. ಚೆಂಡಿನ ಜಾಗದಲ್ಲಿ ಪಕ್ ಎಂಬ ರಬ್ಬರ್ ಬಿಲ್ಲೆ. ಗೋಲು ಕಾಯುವ ಗೋಲಿಯ ಮುಂದೆ ಇಬ್ಬರು ಡಿಫೆಂಡರ್‌ಗಳು, ಮೂವರು ಫಾರ್ವರ್ಡ್‌ಗಳು. ಪಕ್ ಹಿಡಿದವನಿಗೆ ಹೆಗಲು ಕೊಟ್ಟು ಗುದ್ದಿ ಗೋಡೆಗೆ ಒತ್ತುವುದು ಇಲ್ಲಿ ತಪ್ಪಲ್ಲ, ನಿಯಮದೊಳಗಿನ ಆಟವೇ. ಹಾಗಾಗಿ ಡಿಫೆಂಡರ್ ಎಂದರೆ ಹಲ್ಲು ಉದುರಿದ, ಮುಖದ ತುಂಬ ಹೊಲಿಗೆ ಬಿದ್ದ ಭೀಮಕಾಯನೇ ಜನರ ಕಣ್ಣಿಗೆ ಬರುವುದು.

ಲಿಡ್‌ಸ್ಟ್ರೋಮ್ ಗುದ್ದುತ್ತಿದ್ದುದು ಅಪರೂಪ. ಅವರ ಕಸುಬೆಲ್ಲ ಕೋನಗಳದ್ದು. ಎದುರಾಳಿ ನುಗ್ಗಿ ಬರುತ್ತಿದ್ದರೆ ಹಿಮ್ಮುಖವಾಗಿ ಜಾರುತ್ತಲೇ ಅವನ ವೇಗಕ್ಕೆ ತಮ್ಮ ವೇಗ ಹೊಂದಿಸಿ, ನಡುದಾರಿ ಮುಚ್ಚಿ, ಗೋಡೆಯ ಬದಿಯ ಓಣಿಯೊಂದನ್ನೇ ತೆರೆದಿಡುತ್ತಿದ್ದರು. ಪಾಸ್ ಹೋಗಬೇಕಾದ ದಾರಿಯಲ್ಲಿ ಅವರ ಸ್ಟಿಕ್ ಮೊದಲೇ ಬಂದು ಕೂತಿರುತ್ತಿತ್ತು. ಮುಂದಿನವ ತಲೆ ಎತ್ತಿ ಜೊತೆಗಾರನನ್ನು ಹುಡುಕುವಷ್ಟರಲ್ಲಿ ಸ್ಟಿಕ್ ತುದಿಯಿಂದ ಒಂದು ತಿವಿತ, ಪಕ್ ಮಾಯ! ದಾಳಿಯಲ್ಲೂ ಇದೇ ಮಿತವ್ಯಯ. ದೂರದಿಂದ ಅಬ್ಬರದ ಹೊಡೆತಕ್ಕಿಂತ, ಗೋಲಿನ ಮುಂದೆ ಬೇರೂರಿ ನಿಲ್ಲುತ್ತಿದ್ದ ಸ್ವೀಡನ್ನಿನ ಗೆಳೆಯ ತೋಮಸ್ ಹೋಮ್‌ಸ್ಟ್ರೋಮ್ ಸ್ಟಿಕ್ ತಾಗಿಸಿ ದಿಕ್ಕು ತಪ್ಪಿಸಬಲ್ಲಂಥ ತಗ್ಗಿನ ಶಾಟ್ ಅವರಿಗೆ ಇಷ್ಟ.

1970ರಲ್ಲಿ ಸ್ವೀಡನ್ನಿನಲ್ಲಿ ಹುಟ್ಟಿ ವೆಸ್ಟೆರೋಸ್ ಕ್ಲಬ್‌ನಲ್ಲಿ ಆಡುತ್ತಿದ್ದ ಹುಡುಗನನ್ನು ತಂಡಗಳು ಸರದಿಯಂತೆ ಹೊಸ ಆಟಗಾರರನ್ನು ಆರಿಸುವ 1989ರ ಡ್ರಾಫ್ಟ್‌ನಲ್ಲಿ ಡೆಟ್ರಾಯಿಟ್ 53ನೆಯವನಾಗಿ ಆರಿಸಿಕೊಂಡಿತು. ಆತ 1991ರಲ್ಲಿ ಅಮೆರಿಕಕ್ಕೆ ಬಂದ ಮೇಲೆ ತಂಡ ಬದಲಿಸಲೇ ಇಲ್ಲ: 20 ಸೀಸನ್, 1,564 ಪಂದ್ಯ. ಆ ಇಪ್ಪತ್ತರಲ್ಲಿ ಒಮ್ಮೆಯೂ ರೆಡ್ ವಿಂಗ್ಸ್ ಪ್ಲೇ ಆಫ್ ತಪ್ಪಿಸಿಕೊಳ್ಳಲಿಲ್ಲ. ನಾಲ್ಕು ಸ್ಟ್ಯಾನ್ಲಿ ಕಪ್, ಶ್ರೇಷ್ಠ ಡಿಫೆಂಡರ್‌ಗೆ ಕೊಡುವ ನಾರಿಸ್ ಟ್ರೋಫಿ ಏಳು ಸಲ. ನನ್ನನ್ನು ಬೆರಗುಗೊಳಿಸುವುದು ಮಾತ್ರ ಇನ್ನೊಂದು ಅಂಕಿ. ಅಷ್ಟೂ ಪಂದ್ಯಗಳಲ್ಲಿ ತಪ್ಪಿಗಾಗಿ ಅಂಕಣದ ಹೊರಗೆ ಕೂರುವ ದಂಡದ ಅವಧಿ ಅವರಿಗೆ ಬಿದ್ದದ್ದು ಒಟ್ಟು 514 ನಿಮಿಷ, ಅಂದರೆ ಪಂದ್ಯಕ್ಕೆ ಸರಾಸರಿ 20 ಸೆಕೆಂಡು. ಇಷ್ಟಾಗಿಯೂ ಸಭ್ಯ ಆಟಕ್ಕೆಂದೇ ಇರುವ ಲೇಡಿ ಬಿಂಗ್ ಪ್ರಶಸ್ತಿ ಹಲವು ಬಾರಿ ಹತ್ತಿರ ಬಂದು ಕೈತಪ್ಪಿತು. ಅದು ಹೆಚ್ಚಾಗಿ ಫಾರ್ವರ್ಡ್‌ಗಳಿಗೇ ಒಲಿಯುವಂಥದ್ದು! ಸಹ ಆಟಗಾರರು ಅವರನ್ನು ‘ಪರ್ಫೆಕ್ಟ್ ಹ್ಯೂಮನ್’ ಎನ್ನುತ್ತಿದ್ದರಂತೆ.

ಗೋಲು ಹೊಡೆದೇ ನೆನಪುಳಿದ ದಿನಗಳೂ ಇವೆ. 2002ರ ಪ್ಲೇ ಆಫ್ ಮೊದಲ ಸುತ್ತಿನಲ್ಲಿ ವ್ಯಾಂಕೂವರ್ ಎದುರು ತವರಿನಲ್ಲೇ ಎರಡು ಪಂದ್ಯ ಸೋತ ಡೆಟ್ರಾಯಿಟ್, ಮೂರನೆಯದರಲ್ಲಿ 1-1ಕ್ಕೆ ಸಿಕ್ಕಿಕೊಂಡಿತ್ತು. ಎರಡನೇ ಅವಧಿ ಮುಗಿಯುತ್ತಿದ್ದಾಗ ಲಿಡ್‌ಸ್ಟ್ರೋಮ್ ಅಂಕಣದ ನಡುಮಧ್ಯದಿಂದ ಬೀಸಿದರು. ಪಕ್ ಗೋಲಿಯನ್ನು ವಂಚಿಸಿ ಬಲೆ ಸೇರಿತು, ಸರಣಿಯೂ ತಿರುಗಿತು. ಆ ವರ್ಷ ಕಪ್ ಗೆದ್ದಿದ್ದಲ್ಲದೆ, ಪ್ಲೇ ಆಫ್‌ನ ಶ್ರೇಷ್ಠ ಆಟಗಾರನಿಗೆ ಸಲ್ಲುವ ಕಾನ್ ಸ್ಮೈತ್ ಟ್ರೋಫಿ ಪಡೆದ ಮೊದಲ ಯುರೋಪಿಯನ್ ಕೂಡ ಅವರಾದರು. 2006ರ ಟುರಿನ್ ಒಲಿಂಪಿಕ್ಸ್ ಫೈನಲ್‌ನಲ್ಲಿ ಫಿನ್‌ಲೆಂಡ್ ವಿರುದ್ಧ ಸ್ವೀಡನ್ನಿಗೆ 3-2ರ ಚಿನ್ನ ತಂದ ಗೋಲೂ ಅವರದೇ. 2008ರಲ್ಲಿ ನಾಯಕನಾಗಿ ಕಪ್ ಎತ್ತಿದರು. ಯುರೋಪಿನಲ್ಲಿ ಹುಟ್ಟಿ ಅಲ್ಲೇ ಆಟ ಕಲಿತ ನಾಯಕನೊಬ್ಬನಿಗೆ ಅದು ಮೊದಲ ಸಲ.

2012ರ ಮೇನಲ್ಲಿ, ತಮ್ಮ ಮಟ್ಟಕ್ಕೆ ಆಡುವ ಕಸುವು ಇನ್ನಿಲ್ಲವೆಂದು ನಿವೃತ್ತರಾದಾಗ ಅವರಿಗೆ 42. ಅದಕ್ಕೆ ವರ್ಷ ಮೊದಲಷ್ಟೇ ಏಳನೇ ನಾರಿಸ್ ಬಂದಿತ್ತು. 2014ರಲ್ಲಿ ಡೆಟ್ರಾಯಿಟ್ ಅವರ 5ನೇ ನಂಬರಿನ ಜೆರ್ಸಿಯನ್ನು ಇನ್ನಾರಿಗೂ ಕೊಡದಂತೆ ಚಾವಣಿಗೇರಿಸಿತು, ಮರುವರ್ಷ ಹಾಲ್ ಆಫ್ ಫೇಮ್ ಗೌರವ.

ಆ ಕಾಲದ ಪಂದ್ಯಗಳ ವಿಡಿಯೋ ಸಿಕ್ಕರೆ ಪಕ್‌ನ ಹಿಂದೆ ಕಣ್ಣು ಓಡಿಸಬೇಡಿ, ಐದು ನಿಮಿಷ 5ನೇ ನಂಬರನ್ನೇ ನೋಡಿ.