ದುಡಿಯುವ ಕುಟುಂಬಗಳ ಶಿಶುಪಾಲನೆಗೆ ಸರ್ಕಾರದ ಸಹಾಯ
ಗ್ರಾಮದ ಮುಖಂಡರೂ ಭೂಮಾಲೀಕರೂ ತಿಳಿಯತಕ್ಕ ವಿಷಯಗಳು

ರಾಗಿಯ ಪೈರು ನಾಟಿಯಾದ ಬಳಿಕ ಮೊದಲ ನಾಲ್ಕೈದು ವಾರಗಳಲ್ಲಿ ಕಳೆ ತೆಗೆಯದಿದ್ದರೆ, ಮುಂದೆ ಎಷ್ಟು ಗೊಬ್ಬರವಿತ್ತರೂ ಇಳುವರಿ ಪೂರ್ತಿಯಾಗಿ ಕೈಗೆ ಬಾರದೆಂಬುದು ಬೇಸಾಯಗಾರರೆಲ್ಲರೂ ಬಲ್ಲ ಸಂಗತಿ. ಬತ್ತದ ನಾಟಿಯೂ ಅಂತೆಯೇ; ಒಟ್ಲುಪಾತಿಯಲ್ಲಿ ಸಸಿ ಬಲಿತುಹೋದ ಮೇಲೆ ಆಳು ದೊರೆತರೆ ಪ್ರಯೋಜನ ಅಷ್ಟಕ್ಕಷ್ಟೆ. ಈ ಎರಡು ಕೆಲಸಗಳೂ ಕನ್ನಡ ನಾಡಿನಲ್ಲಿ ಬಹುಮಟ್ಟಿಗೆ ಹೆಂಗಸರ ಕೈಯಿಂದಲೇ ನಡೆಯತಕ್ಕವು. ಆ ಹೆಂಗಸರಲ್ಲಿ ಅನೇಕರು ಎಳೆಗೂಸಿನ ತಾಯಂದಿರೆಂಬುದನ್ನು ಮಾತ್ರ ಲೆಕ್ಕಕ್ಕೆ ತೆಗೆದುಕೊಳ್ಳುವವರು ವಿರಳ.

ಇಂತಹ ತಾಯಿಗೆ ಮೂರು ದಾರಿಗಳುಂಟು. ಮಗುವನ್ನು ಹೊಲಕ್ಕೆ ಕರೆದೊಯ್ದು ಬದುವಿನ ಮೇಲೆ ಮರದ ನೆರಳಿನಲ್ಲಿ ಮಲಗಿಸುವುದು ಒಂದು. ಅಲ್ಲಿ ಬಿಸಿಲು, ಹುಳುಹುಪ್ಪಟೆ, ಕಟ್ಟೆಯಿಲ್ಲದ ಬಾವಿ, ಕೃಷಿಹೊಂಡ ಇವುಗಳ ಭಯದ ಜೊತೆಗೆ, ಸಿಂಪಡಿಸಿ ಬಿಸುಟ ಕೀಟನಾಶಕದ ಡಬ್ಬಗಳ ಭಯವೂ ಇರುತ್ತದೆ. ಮನೆಯಲ್ಲಿರುವ ಹಿರಿಯ ಹುಡುಗಿಯ ವಶಕ್ಕೆ ಕೂಸನ್ನು ಒಪ್ಪಿಸುವುದು ಎರಡನೆಯದು. ಹಾಗೆ ಮಾಡಿದಲ್ಲಿ ಆ ಹುಡುಗಿಯ ಶಾಲೆ ನಿಲ್ಲುತ್ತದೆ. ಒಮ್ಮೆ ನಿಂತ ಶಾಲೆ ಪುನಃ ಆರಂಭವಾಗುವುದು ಅಪೂರ್ವ. ಕೂಲಿಯನ್ನೇ ಬಿಟ್ಟು ಮನೆಯಲ್ಲಿ ಉಳಿಯುವುದು ಮೂರನೆಯದು. ಒಂದು ಗ್ರಾಮದಲ್ಲಿ ಇಪ್ಪತ್ತು ಮಂದಿ ತಾಯಂದಿರು ಕಳೆಯ ಕಾಲದ ಮೂವತ್ತು ದಿನಗಳು ಹೀಗೆ ಉಳಿದರೆಂದು ಭಾವಿಸಿದರೆ, ಆ ಗ್ರಾಮದ ಭೂಮಿಗೆ ಆರುನೂರು ಆಳುದಿನಗಳ ಕೆಲಸ ತಪ್ಪಿತು. ಆ ಮನೆಗಳಿಗೆ ಆರುನೂರು ದಿನಗಳ ಕೂಲಿಯೂ ತಪ್ಪಿತು. ಆದುದರಿಂದ ಶಿಶುಪಾಲನೆಯು ಹೆಂಗಸರ ಮನೆವಾರ್ತೆಯೆಂದು ಭೂಮಾಲೀಕರು ಉಪೇಕ್ಷಿಸತಕ್ಕ ವಿಷಯವಲ್ಲ. ಬೀಜ ಗೊಬ್ಬರಗಳಂತೆ ಅದೂ ಸಾಗುವಳಿಗೆ ಸೇರಿದ ವಿಷಯವೇ ಸರಿ.

ಸಹಾಯದ ಸ್ವರೂಪ

ಶಿಶುಪಾಲನೆಗೆ ಸರ್ಕಾರಗಳು ಕೊಡುವ ಸಹಾಯಧನವು ಎರಡು ಬಗೆಯಾಗಿರುತ್ತದೆ. ಮೊದಲನೆಯ ಬಗೆಯಲ್ಲಿ ಹಣವು ತಂದೆತಾಯಿಗಳ ಲೆಕ್ಕಕ್ಕೆ ಸೇರುತ್ತದೆ. ಬ್ರಿಟನ್ನಿನಲ್ಲಿ ೨೦೧೭ರಲ್ಲಿ ಆರಂಭವಾದ ಒಂದು ಏರ್ಪಾಡಿನಂತೆ, ದುಡಿಯುವ ತಂದೆತಾಯಿಗಳು ಮಗುವಿನ ಪಾಲನೆಗೆಂದು ೮ ಪೌಂಡು ಕಟ್ಟಿದರೆ ಸರ್ಕಾರವು ಅದಕ್ಕೆ ೨ ಪೌಂಡು ಸೇರಿಸುತ್ತದೆ. ಆ ಹಣವನ್ನು ಯಾವ ಪಾಲನಾ ಕೇಂದ್ರಕ್ಕೆ ಕೊಡಬೇಕೆಂಬುದನ್ನು ಗೊತ್ತುಮಾಡತಕ್ಕವರು ಮನೆಯವರೇ.

ಎರಡನೆಯ ಬಗೆಯಲ್ಲಿ ಹಣವು ಮನೆಗೆ ಬಾರದೆ ಕೇಂದ್ರಕ್ಕೆ ಸಲ್ಲುತ್ತದೆ. ಭಾರತದಲ್ಲಿ ಗ್ರಾಮಾಂತರದ ದುಡಿಯುವ ಕುಟುಂಬಗಳಿಗೆ ದೊರೆಯುವ ಸಹಾಯವು ಮುಖ್ಯವಾಗಿ ಈ ಬಗೆಯದು. ನೋಡಿಕೊಳ್ಳುವವಳ ಗೌರವಧನ, ಮಕ್ಕಳ ಆಹಾರ, ಆಟದ ಸಾಮಾನು ಮುಂತಾದುವುಗಳ ವೆಚ್ಚವನ್ನು ಸರ್ಕಾರದವರು ವಹಿಸುತ್ತಾರೆ. ತಾಯಿಯು ಮಗುವನ್ನು ತಂದು ಬಿಡುತ್ತಾಳೆ. ಈ ಭೇದವನ್ನು ಗ್ರಾಮದ ಮುಖಂಡರು ಚೆನ್ನಾಗಿ ಗ್ರಹಿಸಬೇಕು. ಕೇಂದ್ರವಿಲ್ಲದ ಊರಿನಲ್ಲಿ ಸಹಾಯಧನವೂ ಇಲ್ಲ. ಬಡತನ ಎಷ್ಟೇ ಇರಲಿ, ಮಕ್ಕಳು ಎಷ್ಟೇ ಮಂದಿಯಿರಲಿ, ತಾಯಿಯೊಬ್ಬಳೇ ಅರ್ಜಿ ಬರೆದು ಅದನ್ನು ಪಡೆಯಲಾರಳು. ಊರು ಒಟ್ಟಾಗಿ ಕೇಳಿದಲ್ಲಿ ಮಾತ್ರ ಅದು ಬರತಕ್ಕದ್ದು.

ಅಂಗನವಾಡಿಯಿಂದ ಆಗುವುದೂ ಆಗದಿರುವುದೂ

ಊರಿನಲ್ಲಿ ಅಂಗನವಾಡಿ ಇರುವಾಗ ಬೇರೆ ಕೇಂದ್ರವೇಕೆಂದು ಕೇಳುವವರುಂಟು. ಸಮಗ್ರ ಶಿಶು ಅಭಿವೃದ್ಧಿ ಯೋಜನೆಯು ೧೯೭೫ನೆಯ ಇಸವಿ ಅಕ್ಟೋಬರ್ ೨ರಂದು ದೇಶದ ೩೩ ಕಡೆಗಳಲ್ಲಿ ಆರಂಭವಾಯಿತು. ಕರ್ನಾಟಕದಲ್ಲಿ ಅದಕ್ಕೆ ಮೊದಲು ಆಯ್ಕೆಯಾದುದು ಮೈಸೂರು ಜಿಲ್ಲೆಯ ತಿರುಮಕೂಡಲು ನರಸೀಪುರ. ಅಂದಿನಿಂದ ಅಂಗನವಾಡಿಗಳಿಂದ ಆದ ಉಪಕಾರ ಸಾಮಾನ್ಯವಾದುದಲ್ಲ. ಆದರೆ ಅವು ಮುಖ್ಯವಾಗಿ ಮೂರರಿಂದ ಆರು ವರ್ಷದ ಮಕ್ಕಳು ಕುಳಿತು ಕಲಿಯುವ ಸ್ಥಳಗಳು. ಆರು ತಿಂಗಳಿನಿಂದ ಮೂರು ವರ್ಷದವರೆಗಿನ ಕೂಸುಗಳಿಗೆ ಅಲ್ಲಿಂದ ಪೌಷ್ಟಿಕ ಆಹಾರದ ಪೊಟ್ಟಣ ಮನೆಗೆ ಹೋಗುತ್ತದೆಯೇ ಹೊರತು, ಕೂಸು ದಿನವೆಲ್ಲ ಮಲಗಿ ಎದ್ದು ಆಡಲು ಸ್ಥಳವಾಗಲಿ, ಎತ್ತಿಕೊಳ್ಳುವ ಕೈಯಾಗಲಿ ಸಾಮಾನ್ಯವಾಗಿ ಇರುವುದಿಲ್ಲ. ತಾಯಿಯನ್ನು ಹೊಲದಿಂದ ಹಿಂದಕ್ಕೆ ಎಳೆಯುವುದು ಈ ಎಳೆಯ ವಯಸ್ಸಿನ ಮಗುವೇ. ಆ ಕೊರತೆಯನ್ನು ತುಂಬುವುದಕ್ಕಾಗಿಯೇ ಶಿಶುಪಾಲನಾ ಕೇಂದ್ರದ ಏರ್ಪಾಡು.

ಪಾಲ್ನಾ ಯೋಜನೆ

ಕೂಲಿಕಾರರ ಮಕ್ಕಳಿಗೆ ಕೆಲಸದ ಸ್ಥಳದಲ್ಲಿಯೇ ಆಸರೆ ಬೇಕೆಂಬುದನ್ನು ಈ ದೇಶದಲ್ಲಿ ಕಾರ್ಯತಃ ತೋರಿಸಿದವರಲ್ಲಿ ಮೀರಾ ಮಹಾದೇವನ್ ಎಂಬವರು ಪ್ರಮುಖರು. ೧೯೬೯ರಲ್ಲಿ ದೆಹಲಿಯ ರಾಜಘಾಟದ ಬಳಿ ಗಾಂಧೀಜಿಯವರ ಜನ್ಮಶತಾಬ್ದಿಯ ಪ್ರದರ್ಶನಕ್ಕಾಗಿ ಕಟ್ಟಡದ ಕೆಲಸ ನಡೆಯುತ್ತಿದ್ದಾಗ, ಕೂಲಿಯವರ ಕೂಸುಗಳು ಮಣ್ಣಿನಲ್ಲಿ ಬಿದ್ದಿರುವುದನ್ನು ಕಂಡು, ಅಲ್ಲಿಯೇ ಒಂದು ಪಾಲನಾ ಕೇಂದ್ರವನ್ನು ಅವರು ಆರಂಭಿಸಿದರು. ೧೯೭೫ರಿಂದ ಕೇಂದ್ರ ಸರ್ಕಾರವೂ ದುಡಿಯುವ ತಾಯಂದಿರ ಮಕ್ಕಳ ಪಾಲನಾ ಕೇಂದ್ರಗಳಿಗೆ ಸಹಾಯ ಕೊಡಲಾರಂಭಿಸಿತು. ೨೦೦೬ರಲ್ಲಿ ಈ ಸಹಾಯವು ರಾಜೀವ್ ಗಾಂಧಿಯವರ ಹೆಸರಿನ ಯೋಜನೆಯಾಗಿಯೂ, ೨೦೧೭ರಲ್ಲಿ ರಾಷ್ಟ್ರೀಯ ಶಿಶುಪಾಲನಾ ಯೋಜನೆಯಾಗಿಯೂ ರೂಪ ತಳೆದು, ೨೦೨೨ರಿಂದ ‘ಮಿಷನ್ ಶಕ್ತಿ’ಯ ಅಂಗವಾಗಿ ‘ಪಾಲ್ನಾ’ ಎಂಬ ಹೆಸರನ್ನು ಪಡೆಯಿತು. ಪಾಲ್ನಾ ಎಂದರೆ ತೊಟ್ಟಿಲು.

ಕರ್ನಾಟಕದಂತಹ ರಾಜ್ಯಗಳಲ್ಲಿ ಇದರ ವೆಚ್ಚದ ನೂರರಲ್ಲಿ ೬೦ ಪಾಲು ಕೇಂದ್ರ ಸರ್ಕಾರದ್ದು, ೪೦ ಪಾಲು ರಾಜ್ಯ ಸರ್ಕಾರದ್ದು. ಆರು ತಿಂಗಳಿನಿಂದ ಆರು ವರ್ಷದವರೆಗಿನ ಮಕ್ಕಳಿಗೆ ಇಲ್ಲಿ ಪ್ರವೇಶವುಂಟು. ಮಲಗುವ ಸ್ಥಳ, ಪೌಷ್ಟಿಕ ಆಹಾರ, ಮೂರು ವರ್ಷದೊಳಗಿನವರಿಗೆ ಆಟಪಾಟಗಳಿಂದ ಬುದ್ಧಿಯ ಚೇತನ, ಅದಕ್ಕೆ ಮೇಲ್ಪಟ್ಟವರಿಗೆ ಶಾಲಾಪೂರ್ವ ಶಿಕ್ಷಣ, ತೂಕ ಎತ್ತರಗಳ ಪರೀಕ್ಷೆ, ವೈದ್ಯ ತಪಾಸಣೆ, ಚುಚ್ಚುಮದ್ದು ಇವು ಸಲ್ಲತಕ್ಕ ಸೇವೆಗಳು. ೨೦೧೭ರ ಯೋಜನೆಯ ನಿಬಂಧನೆಯಂತೆ ಕೇಂದ್ರವು ತಿಂಗಳಿಗೆ ೨೬ ದಿನ, ದಿನಕ್ಕೆ ಏಳೂವರೆ ಗಂಟೆಯ ಕಾಲ ತೆರೆದಿರಬೇಕಾಗಿತ್ತು. ಒಬ್ಬ ಕಾರ್ಯಕರ್ತೆ ಮತ್ತು ಒಬ್ಬ ಸಹಾಯಕಿಯ ವಶದಲ್ಲಿ ೨೫ಕ್ಕಿಂತ ಹೆಚ್ಚು ಮಕ್ಕಳು ಇರಕೂಡದಾಗಿತ್ತು. ಮನೆಯವರ ವಂತಿಗೆಯು ಬಡತನದ ರೇಖೆಯ ಕೆಳಗಿನವರಿಗೆ ತಿಂಗಳಿಗೆ ೨೦ ರೂಪಾಯಿ, ೧೨,೦೦೦ ರೂಪಾಯಿಗಳವರೆಗಿನ ತಿಂಗಳ ವರಮಾನದವರಿಗೆ ೧೦೦ ರೂಪಾಯಿ, ಅದಕ್ಕೆ ಮೇಲ್ಪಟ್ಟವರಿಗೆ ೨೦೦ ರೂಪಾಯಿ ಎಂದು ಗೊತ್ತಾಗಿತ್ತು. ಉಳಿದ ಭಾರವೇ ಸರ್ಕಾರದ ಸಹಾಯಧನ.

ಬೇಸಾಯದ ಕೂಲಿಯವರಿಗೆ ಮುಖ್ಯವಾದ ಮಾತೊಂದುಂಟು. ೨೦೧೭ರ ಯೋಜನೆಯಲ್ಲಿ ತಿಂಗಳಿಗೆ ೧೫ ದಿನವಾಗಲಿ ವರ್ಷಕ್ಕೆ ಆರು ತಿಂಗಳಾಗಲಿ ಕೆಲಸ ಮಾಡಿದವಳನ್ನು ದುಡಿಯುವ ತಾಯಿಯೆಂದು ಎಣಿಸುತ್ತಿದ್ದರು. ಪಾಲ್ನಾದಲ್ಲಿ ತಾಯಿಯ ಉದ್ಯೋಗ ಯಾವ ಬಗೆಯದಾದರೂ ಸರಿಯೆಂದು ವಿಧಿಸಿದೆ. ಆದುದರಿಂದ ಸಂಬಳದ ಚೀಟಿಯಿಲ್ಲವೆಂದಾಗಲಿ, ಸ್ವಂತ ಹೊಲದಲ್ಲಿ ಮಾತ್ರ ದುಡಿಯುವಳೆಂದಾಗಲಿ ತಾಯಿಯೊಬ್ಬಳನ್ನು ಹಿಂದಕ್ಕೆ ಕಳುಹಿಸಲು ಕಾರಣವಿಲ್ಲ. ಇರುವ ಅಂಗನವಾಡಿಯನ್ನೇ ಪಾಲನಾ ಕೇಂದ್ರವನ್ನಾಗಿಯೂ ವಿಸ್ತರಿಸುವ ಏರ್ಪಾಡು ಈ ಯೋಜನೆಯಲ್ಲಿ ಸೇರಿರುವುದರಿಂದ, ಗ್ರಾಮದವರು ಹೊಸ ಕಟ್ಟಡಕ್ಕಾಗಿ ವರ್ಷಗಟ್ಟಲೆ ಕಾಯಬೇಕಾಗಿಲ್ಲ.

ಕೂಸಿನ ಮನೆ

೨೦೦೫ರ ರಾಷ್ಟ್ರೀಯ ಗ್ರಾಮೀಣ ಉದ್ಯೋಗ ಖಾತರಿ ಕಾಯಿದೆಯಲ್ಲಿ, ಕೆಲಸದ ಸ್ಥಳಕ್ಕೆ ತಾಯಂದಿರೊಡನೆ ಬಂದ ಎಳೆಯ ಮಕ್ಕಳು ಐದು ಮಂದಿಯಾಗಲಿ ಹೆಚ್ಚಾಗಲಿ ಇದ್ದಲ್ಲಿ, ಕೂಲಿ ಹೆಂಗಸರಲ್ಲಿ ಒಬ್ಬಳನ್ನು ಆ ಮಕ್ಕಳನ್ನು ನೋಡಿಕೊಳ್ಳಲು ನೇಮಿಸಿ ಆಕೆಗೂ ಕೂಲಿಯನ್ನು ಕೊಡಬೇಕೆಂಬ ವಿಧಿಯಿತ್ತು. ವಿಧಿಯಿದ್ದರೂ ಎಷ್ಟೋ ಕಡೆ ಮಕ್ಕಳನ್ನು ಎಣಿಸುವವರಿರಲಿಲ್ಲ. ಕರ್ನಾಟಕ ಸರ್ಕಾರವು ೨೦೨೩ರ ಜುಲೈ ತಿಂಗಳಿನ ಆಯವ್ಯಯದಲ್ಲಿ ೪,೦೦೦ ಗ್ರಾಮ ಪಂಚಾಯಿತಿಗಳಲ್ಲಿ ‘ಕೂಸಿನ ಮನೆ’ ಎಂಬ ಪಾಲನಾ ಕೇಂದ್ರಗಳನ್ನು ತೆರೆಯುವುದಾಗಿ ಪ್ರಕಟಿಸಿತು. ಉದ್ಯೋಗ ಚೀಟಿಯುಳ್ಳ ಹೆಂಗಸರಿಂದಲೇ ಆರೈಕೆದಾರರನ್ನು ಆರಿಸಿ ತರಬೇತು ಕೊಡುವುದು ಅದರ ಕ್ರಮ.

೨೦೨೫ರ ಡಿಸೆಂಬರಿನಲ್ಲಿ, ಮೇಲ್ಕಂಡ ಕಾಯಿದೆಯ ಸ್ಥಾನಕ್ಕೆ ೧೨೫ ದಿನಗಳ ಕೂಲಿಯ ಖಾತರಿಯುಳ್ಳ ಹೊಸ ಕಾಯಿದೆಯನ್ನು ಸಂಸತ್ತು ಅಂಗೀಕರಿಸಿತು. ಕೂಸಿನ ಮನೆಯು ಹಿಂದಿನ ಕಾಯಿದೆಯ ಕೂಲಿ ಕೆಲಸದೊಡನೆ ಹೊಂದಿಕೊಂಡು ಹುಟ್ಟಿದುದರಿಂದ, ಆರೈಕೆದಾರರ ಕೂಲಿಯು ಇನ್ನು ಮುಂದೆ ಯಾವ ಬಾಬಿನಿಂದ ಸಲ್ಲುವುದೆಂಬುದನ್ನು ಪಂಚಾಯಿತಿಯ ಅಭಿವೃದ್ಧಿ ಅಧಿಕಾರಿಗಳಿಂದ ಲಿಖಿತವಾಗಿ ತಿಳಿದುಕೊಳ್ಳುವುದು ಮುಖಂಡರ ಕರ್ತವ್ಯ. ಕೂಲಿ ನಿಂತರೆ ಬಾಗಿಲು ಮುಚ್ಚುತ್ತದೆ. ದೇಶದಲ್ಲಿ ೨೦೧೪-೧೫ರಲ್ಲಿ ಸರ್ಕಾರದ ಸಹಾಯ ಪಡೆದ ೨೦,೦೦೦ಕ್ಕೂ ಹೆಚ್ಚು ಪಾಲನಾ ಕೇಂದ್ರಗಳಿದ್ದುವು. ೨೦೨೦ರ ವೇಳೆಗೆ ಅವು ೭,೦೦೦ಕ್ಕಿಂತ ಕಡಿಮೆಯಾದುವು. ಒಮ್ಮೆ ಮಂಜೂರಾದುದು ಎಂದೆಂದಿಗೂ ಉಳಿಯುವುದೆಂದು ಯಾರೂ ನಂಬಿ ಕೂಡತಕ್ಕದ್ದಲ್ಲ.

ತೋಟದ ಮಾಲೀಕರ ಹೊಣೆ

ಕೊಡಗು, ಚಿಕ್ಕಮಗಳೂರು, ಹಾಸನ ಜಿಲ್ಲೆಗಳ ಕಾಫಿ ತೋಟದವರ ವಿಷಯ ಬೇರೆ. ಇವರಿಗೆ ಇದು ಸರ್ಕಾರದ ಸಹಾಯವೆನ್ನುವುದಕ್ಕಿಂತ ಕಾನೂನಿನ ಹೊಣೆ. ೧೯೫೧ರ ತೋಟ ಕಾರ್ಮಿಕರ ಕಾಯಿದೆಯಂತೆ ೫೦ ಅಥವಾ ಹೆಚ್ಚು ಮಂದಿ ಹೆಂಗಸರು ದುಡಿಯುವ ತೋಟದಲ್ಲಾಗಲಿ, ಹೆಣ್ಣಾಳುಗಳ ಮಕ್ಕಳ ಸಂಖ್ಯೆ ೨೦ ಮುಟ್ಟಿದಲ್ಲಾಗಲಿ ಮಾಲೀಕರೇ ಪಾಲನಾ ಕೇಂದ್ರವನ್ನು ಇಡಬೇಕಾಗಿತ್ತು. ೨೦೨೫ರ ನವೆಂಬರ್ ೨೧ರಿಂದ ಈ ಕಾಯಿದೆಯ ಸ್ಥಾನದಲ್ಲಿ, ಕಾರ್ಮಿಕರ ಸುರಕ್ಷತೆ ಮತ್ತು ಆರೋಗ್ಯಗಳನ್ನು ಕುರಿತ ೨೦೨೦ರ ಸಂಹಿತೆಯು ಜಾರಿಗೆ ಬಂದಿತು. ಅದರಂತೆ ತೋಟದಲ್ಲಿ ಗಂಡಾಳು ಹೆಣ್ಣಾಳುಗಳೆಲ್ಲ ಸೇರಿ ೫೦ ಮಂದಿಯಿದ್ದರೆ ಸಾಕು; ಗುತ್ತಿಗೆದಾರರು ಕರೆತಂದ ಆಳುಗಳೂ ಈ ಎಣಿಕೆಗೆ ಸೇರುತ್ತಾರೆ. ಹಣ್ಣು ಕೊಯ್ಯುವ ಕಾಲದಲ್ಲಿ ಹೊರರಾಜ್ಯಗಳಿಂದ ಬರುವ ಕುಟುಂಬಗಳನ್ನು ಗುತ್ತಿಗೆದಾರರವರೆಂದು ಲೆಕ್ಕದಿಂದ ಬಿಡುವುದು ಸಲ್ಲದು. ನೆರೆಹೊರೆಯ ಸಂಸ್ಥೆಗಳವರು ಕೂಡಿ ಸಾಮಾನ್ಯವಾದ ಒಂದು ಕೇಂದ್ರವನ್ನು ನಡೆಸಲು ಸಂಹಿತೆಯಲ್ಲಿ ಅವಕಾಶವಿರುವುದರಿಂದ, ಅಕ್ಕಪಕ್ಕದ ತೋಟದವರು ವೆಚ್ಚವನ್ನು ಹಂಚಿಕೊಳ್ಳುವುದು ಯುಕ್ತ.

ಮುಖಂಡರು ಮಾಡತಕ್ಕ ಕೆಲಸಗಳು

ಮೊದಲನೆಯದು ಎಣಿಕೆ. ಆರು ತಿಂಗಳಿಗೆ ಮೇಲ್ಪಟ್ಟು ಆರು ವರ್ಷದೊಳಗಿನ ಮಕ್ಕಳೆಷ್ಟು, ಅವರಲ್ಲಿ ಮೂರು ವರ್ಷದೊಳಗಿನವರೆಷ್ಟು, ತಾಯಂದಿರು ಯಾವ ತಿಂಗಳುಗಳಲ್ಲಿ ಯಾವ ಹೊತ್ತಿಗೆ ಕೆಲಸಕ್ಕೆ ಹೊರಡುತ್ತಾರೆ ಎಂಬುದನ್ನು ಕೇರಿಕೇರಿಯಾಗಿ ಬರೆಯಿಸಬೇಕು. ಊರ ಹೊರಗಿನ ಗುಡಿಸಲುಗಳನ್ನೂ ವಲಸೆ ಬಂದವರನ್ನೂ ಬಿಡಕೂಡದು. ಆಸರೆಯ ಅಗತ್ಯ ಅತ್ಯಧಿಕವಾಗಿರುವುದು ಅಲ್ಲಿಯೇ. ಈ ಕೆಲಸದಲ್ಲಿ ಅಂಗನವಾಡಿಯ ಕಾರ್ಯಕರ್ತೆಯ ನೆರವನ್ನು ಪಡೆಯಬಹುದು.

ಎರಡನೆಯದು ಸ್ಥಳ. ಗಾಳಿ ಬೆಳಕುಗಳುಳ್ಳ, ನೆಲ ಒಣಗಿರುವ, ಕುಡಿಯುವ ನೀರೂ ಶೌಚದ ಅನುಕೂಲವೂ ಇರುವ, ಬಾವಿ ಕೆರೆಗಳಿಗೂ ಲಾರಿ ಓಡಾಡುವ ರಸ್ತೆಗೂ ದೂರವಾದ ಒಂದು ಕೊಠಡಿ ಬೇಕು. ಮೊಲೆಯುಣ್ಣುವ ಕೂಸಿನ ತಾಯಿಯು ನಡುಹೊತ್ತಿನಲ್ಲಿ ಬಂದು ಹಾಲೂಡಿಸಿ ಹಿಂದಿರುಗುವಷ್ಟು ಸಮೀಪದಲ್ಲಿ ಅದು ಇರಬೇಕು. ಎಲ್ಲ ಜಾತಿಯ ತಾಯಂದಿರೂ ಸಂಕೋಚವಿಲ್ಲದೆ ಹೊಸ್ತಿಲು ದಾಟಬಲ್ಲ ಸ್ಥಳವೇ ಯೋಗ್ಯ; ಯಾರ ಮನೆಯ ಜಗಲಿಗೆ ಕೆಲವರು ಬರಲಾರರೋ ಆ ಜಗಲಿಯು ಎಷ್ಟು ವಿಶಾಲವಾಗಿದ್ದರೂ ಪ್ರಯೋಜನವಿಲ್ಲ.

ಮೂರನೆಯದು ಠರಾವು. ಎಣಿಕೆಯ ಪಟ್ಟಿಯನ್ನು ಗ್ರಾಮಸಭೆಯ ಮುಂದಿಟ್ಟು, ಸಭೆಯ ಠರಾವಿನೊಡನೆ ತಾಲ್ಲೂಕಿನ ಶಿಶು ಅಭಿವೃದ್ಧಿ ಯೋಜನಾಧಿಕಾರಿಗಳಿಗೂ ತಾಲ್ಲೂಕು ಪಂಚಾಯಿತಿಗೂ ಕಳುಹಿಸಬೇಕು. ಮಕ್ಕಳ ಹೆಸರು, ವಯಸ್ಸು, ಒದಗಿಸಿದ ಕೊಠಡಿಯ ವಿವರಗಳುಳ್ಳ ಅರ್ಜಿಗೆ ಇರುವ ಬಲ ಬರಿಯ ಬಿನ್ನಹಕ್ಕೆ ಇರುವುದಿಲ್ಲ.

ನಾಲ್ಕನೆಯದು ಮೇಲ್ವಿಚಾರಣೆ. ಬಾಗಿಲು ತೆರೆಯುವ ಹೊತ್ತು ಕಚೇರಿಯ ಗಡಿಯಾರವನ್ನು ಅನುಸರಿಸದೆ ಹೊಲದ ಹೊತ್ತನ್ನು ಅನುಸರಿಸಬೇಕು. ಹೆಂಗಸರು ಏಳು ಗಂಟೆಗೆ ನಾಟಿಗೆ ಹೊರಡುವ ಊರಿನಲ್ಲಿ ಹತ್ತು ಗಂಟೆಗೆ ತೆರೆಯುವ ಕೇಂದ್ರದಿಂದ ಆಗುವ ಉಪಕಾರ ಅಲ್ಪ. ಹಾಲು ಕಾಳುಗಳು ಬಂದುವೆ, ಮಗುವಿನ ತೂಕ ಏರುತ್ತಿದೆಯೆ, ನೋಡಿಕೊಳ್ಳುವವಳಿಗೆ ತಿಂಗಳ ಹಣ ಸಂದಿತೆ ಎಂಬ ಮೂರು ಪ್ರಶ್ನೆಗಳನ್ನು ತಿಂಗಳಿಗೊಮ್ಮೆ ಕೇಳಬೇಕು. ಕೇಳತಕ್ಕವರು ತಾಯಂದಿರೇ ಆದರೆ ಲೇಸು. ಮುಖಂಡರು ಅವರ ಮಾತಿಗೆ ಬೆಂಬಲವಾಗಿ ನಿಂತರೆ ಸಾಕು.

ಮನೆಯಲ್ಲಿ ಅಜ್ಜಿಯಿರುವಾಗ ಇದೆಲ್ಲ ಏಕೆಂಬ ಮಾತು ಹಳ್ಳಿಗಳಲ್ಲಿ ಕೇಳಿಬರುವುದುಂಟು. ಅಜ್ಜಿಯ ಮಡಿಲಿಗೆ ಸಮನಾದುದಿಲ್ಲ, ನಿಜ. ಆದರೆ ಬಡವರ ಮನೆಯ ಅಜ್ಜಿಯೂ ಕಳೆ ಕೀಳಲು ಹೋಗುತ್ತಾಳೆ. ಅಲ್ಲಿ ಕೂಸನ್ನು ಎತ್ತಿಕೊಂಡಿರುವವಳು ಎಂಟು ಒಂಬತ್ತು ವರ್ಷದ ಹುಡುಗಿ. ಪಾಲನಾ ಕೇಂದ್ರದ ಎಣಿಕೆ ಮಾಡುವಾಗ ಆ ಹುಡುಗಿಯ ಹೆಸರನ್ನೂ ಪಕ್ಕದಲ್ಲಿ ಬರೆದಿಡುವುದು ಒಳ್ಳೆಯದು. ಕೇಂದ್ರ ತೆರೆದ ಮಾರನೆಯ ದಿನ ಆಕೆ ಶಾಲೆಗೆ ಹೋದಳೆ ಎಂದು ವಿಚಾರಿಸಿದರೆ, ಸಹಾಯಧನವು ಸದ್ವಿನಿಯೋಗವಾಯಿತೋ ಇಲ್ಲವೋ ಎಂಬುದು ತಾನೇ ತಿಳಿಯುತ್ತದೆ.

ಮುಂಗಾರಿನ ಬಿತ್ತನೆಗೆ ಬೀಜವನ್ನು ಬೇಸಿಗೆಯಲ್ಲಿಯೇ ಸಿದ್ಧಪಡಿಸಿಕೊಳ್ಳುವಂತೆ, ಈ ಎಣಿಕೆ, ಸ್ಥಳ, ಠರಾವುಗಳೂ ಬೇಸಿಗೆಯಲ್ಲಿಯೇ ಮುಗಿದಿರತಕ್ಕದ್ದು. ಕಳೆಯ ಕಾಲ ಬಂದ ಮೇಲೆ ಅರ್ಜಿ ಬರೆಯಲು ಕುಳಿತರೆ, ಆ ವರ್ಷದ ಮಟ್ಟಿಗೆ ಕೂಸು ಬದುವಿನ ಮೇಲೆಯೇ ಉಳಿಯುತ್ತದೆ.