ಕ್ಯಾಮೆರಾ ಕೈಕೊಟ್ಟ ದಿನದ ಸಾಕ್ಷ್ಯ

1976ರ ನವೆಂಬರ್, ಅಮೆರಿಕದ ಡಲ್ಲಾಸ್. ರಾತ್ರಿ ಹೊತ್ತು ಒಂದು ಕಾರು ತಡೆದ ಪೊಲೀಸ್ ಅಧಿಕಾರಿ ಗುಂಡೇಟಿಗೆ ಬಲಿಯಾದ. ಸಿಕ್ಕಿಬಿದ್ದವನು ರಾಂಡಲ್ ಆಡಮ್ಸ್. ಇವನೇ ಕೊಂದದ್ದು ಅಂತ ಕೋರ್ಟಿನಲ್ಲಿ ಹೇಳಿದ್ದು 16ರ ಹುಡುಗ, ಡೇವಿಡ್ ಹ್ಯಾರಿಸ್. ಆಡಮ್ಸ್‌ಗೆ ಮರಣದಂಡನೆ. ಜಾರಿಯಾಗೋಕೆ ಮೂರೇ ದಿನ ಇದ್ದಾಗ ತಡೆ ಸಿಕ್ಕಿತು, ಆಮೇಲೆ ಜೀವಾವಧಿ.

ಈ ಪ್ರಕರಣದ ಬಗ್ಗೆ ಎರಲ್ ಮಾರಿಸ್ ಅವರ ಸಾಕ್ಷ್ಯಚಿತ್ರ ‘ದಿ ಥಿನ್ ಬ್ಲೂ ಲೈನ್’ ಬಂದದ್ದು 1988ರಲ್ಲಿ. ನಿರೂಪಕರೇ ಇಲ್ಲ. ಆಡಮ್ಸ್, ಹ್ಯಾರಿಸ್, ಪೊಲೀಸರು, ವಕೀಲರು, ಸಾಕ್ಷಿಗಳು, ಇವರದೇ ಮಾತು. ಒಬ್ಬೊಬ್ಬರು ಹೇಳಿದ ಹಾಗೆ ಅದೇ ಕೊಲೆಯನ್ನ ಮತ್ತೆ ಮತ್ತೆ ನಟಿಸಿ ತೋರಿಸ್ತಾರೆ. ಸಾಮಾನ್ಯವಾಗಿ ಇಂಥ ದೃಶ್ಯ ಕಂಡರೆ ‘ಹೀಗೇ ನಡೆದಿರಬೇಕು’ ಅಂತ ನಂಬಿಬಿಡ್ತೀವಿ. ಇಲ್ಲಿ ಉಲ್ಟಾ. ನೋಡ್ತಾ ನೋಡ್ತಾ ಸಾಕ್ಷಿಗಳ ಮಾತು ಎಷ್ಟು ಪೊಳ್ಳು ಅಂತ ಗೊತ್ತಾಗುತ್ತೆ.

ಹ್ಯಾರಿಸ್‌ನ ಕೊನೆಯ ಸಂದರ್ಶನದ ದಿನ ಕ್ಯಾಮೆರಾ ಕೆಟ್ಟುಹೋಯ್ತು. ಹಾಗಾಗಿ ತೆರೆ ಮೇಲೆ ಬರೀ ಟೇಪ್ ರೆಕಾರ್ಡರ್, ಅವನ ದನಿ. ಆಡಮ್ಸ್ ನಿರಪರಾಧಿ ಅಂತಾನೆ. ನಿನಗೆ ಹೇಗೆ ಗೊತ್ತು ಅಂದ್ರೆ, ಗೊತ್ತಿರೋನೇ ನಾನು ಅನ್ನೋ ಅರ್ಥದ ಉತ್ತರ. ‘ನಾನೇ ಕೊಂದೆ’ ಅಂತ ಮಾತ್ರ ನೇರವಾಗಿ ಬಾಯಿಬಿಡಲ್ಲ.

ಸಿನಿಮಾ ಪ್ರಕರಣದತ್ತ ಗಮನ ಸೆಳೆದ ಮೇಲೆ, 1989ರಲ್ಲಿ ಆಡಮ್ಸ್ ಬಿಡುಗಡೆಯಾದ. ಹೊರಗೆ ಬಂದವನು ಮಾರಿಸ್ ಮೇಲೇ ಕೇಸ್ ಹಾಕಿದ! ತನ್ನ ಬದುಕಿನ ಕಥೆಯ ಹಕ್ಕು ತನಗೇ ಬೇಕು ಅಂತ. ನನಗಂತೂ ಅದು ನ್ಯಾಯವೇ ಅನ್ನಿಸುತ್ತೆ. 12 ವರ್ಷ ಜೈಲಲ್ಲಿ ಕೂತವನು ಅವನು ತಾನೆ? ಕೇಸ್ ಕೋರ್ಟಿನ ಹೊರಗೇ ರಾಜಿಯಾಯ್ತು, ಹಕ್ಕು ಅವನಿಗೆ ಸಿಕ್ಕಿತು.